ಕೇಳಿ, ಹೇಳುತ್ತೇನೆ: ಕತ್ತಿಗಳ ರಸೀದಿ

ಪ್ರಶ್ನೆ: ಲಿಂಡಾ ಮೆಲ್ವರ್ನ್ ಎಂಬ ಬ್ರಿಟಿಷ್ ಪತ್ರಕರ್ತೆ ಬರೆದ ‘ಎ ಪೀಪಲ್ ಬಿಟ್ರೇಡ್’ ಪುಸ್ತಕವನ್ನು ಮಗಳು ಬೆಂಗಳೂರಿನಿಂದ ತಂದುಕೊಟ್ಟಳು. ರವಾಂಡಾ ನರಮೇಧದ ಬಗ್ಗೆ. ಅರ್ಧಕ್ಕೆ ಮುಚ್ಚಿಟ್ಟೆ. ಎರಡು ಬುಡಕಟ್ಟುಗಳ ಹಳೇ ಜಗಳಕ್ಕೆ ವಿಶ್ವಸಂಸ್ಥೆಯನ್ನು ಬೈದು ಏನು ಬಂತು? ಆದರೆ ನಾನೂ ಮಿಲಿಟರಿಯಲ್ಲಿದ್ದವನು. ವಿಶ್ವಸಂಸ್ಥೆಯ ಶಾಂತಿಪಡೆಯ ಎರಡೂವರೆ ಸಾವಿರ ನೀಲಿ ಟೋಪಿಯವರು ಅಲ್ಲಿದ್ದೂ ಕೈಕಟ್ಟಿ ನಿಂತರಲ್ಲ, ಅದು ಮಾತ್ರ ಅರಗುತ್ತಿಲ್ಲ.
- ನಿವೃತ್ತ ಸುಬೇದಾರರು, ಸೋಮವಾರಪೇಟೆ

ಉತ್ತರ: ಸುಬೇದಾರರೇ, ‘ಹಳೇ ಜಗಳ’ ಅನ್ನುವ ಮಾತನ್ನು ದಯವಿಟ್ಟು ವಾಪಸ್ ತೆಗೆದುಕೊಳ್ಳಿ. ಅಲ್ಲಿ ಬಹುಸಂಖ್ಯಾತ ಹುಟುಗಳ ಸರ್ಕಾರವೇ ಅಲ್ಪಸಂಖ್ಯಾತ ಟುಟ್ಸಿಗಳನ್ನು ಕೊಲ್ಲಿಸಿತು. ಜಗಳಕ್ಕೆ ಯಾರೂ ಮೊದಲೇ ಆರ್ಡರ್ ಕೊಟ್ಟು ಸಾಮಾನು ತರಿಸುವುದಿಲ್ಲ. 1993ರ ಜನವರಿಯಿಂದ 1994ರ ಮಾರ್ಚ್‌ವರೆಗೆ ರವಾಂಡಾಕ್ಕೆ ಬಂದಿಳಿದ ಕತ್ತಿಗಳು 5,81,000 ಎಂದು ಹ್ಯೂಮನ್ ರೈಟ್ಸ್ ವಾಚ್ ಎಂಬ ಮಾನವ ಹಕ್ಕುಗಳ ಸಂಸ್ಥೆ ಲೆಕ್ಕ ಹಾಕಿತು. ವಯಸ್ಸಿಗೆ ಬಂದ ಮೂವರು ಹುಟು ಗಂಡಸರಲ್ಲಿ ಒಬ್ಬರಿಗೆ ಒಂದರಂತೆ ಹೊಸ ಕತ್ತಿ! ಕಾಗದದಲ್ಲಿ ಅವು ವ್ಯವಸಾಯದ ಸಲಕರಣೆ.

ನಮ್ಮ ಮನೆಯ ಹಿಂದಿನ ಶೆಡ್ಡಿನಲ್ಲಿ ನಾಲ್ಕು ಕತ್ತಿ ಗೋಡೆಗೆ ಸಿಕ್ಕಿಸಿವೆ. ಒಂದು ಮರಗಸಿಗೆ (ನೆರಳುಮರದ ಕೊಂಬೆ ಸವರಲು), ಎರಡು ಕಾಡು ಕಡಿಯಲು, ನಾಲ್ಕನೆಯದು ನನ್ನ ಮಾವನವರ ಕಾಲದ್ದು, ಮಸೆದು ಮಸೆದು ಬೆರಳಗಲ ಉಳಿದಿದೆ. ಹಿಡಿ ಸಡಿಲವಾದರೆ ಹಿಡಿ ಹಾಕಿಸುತ್ತೇವೆ. ಹೊಸದು ಬೇಕಾದರೆ ಮಡಿಕೇರಿಯ ಶುಕ್ರವಾರದ ಸಂತೆಯಲ್ಲಿ ಒಂದು ತಂದರಾಯಿತು. ತೋಟ ಮಾಡಿದವರು ಯಾರೇ ಆ ಆಮದಿನ ಲೆಕ್ಕ ನೋಡಿದ್ದರೂ ‘ಇಷ್ಟು ಯಾಕಪ್ಪಾ?’ ಅಂತ ಕೇಳುತ್ತಿದ್ದರು. ರವಾಂಡಾಕ್ಕೆ ನೆರವು ಕೊಡುತ್ತಿದ್ದ ದೇಶಗಳ ಅಧಿಕಾರಿಗಳು ಕೇಳಲಿಲ್ಲ. ಮೆಲ್ವರ್ನ್ ಹಿಡಿದದ್ದು ಈ ದಾರಿಯನ್ನೇ: ಬ್ಯಾಂಕ್ ಕಾಗದ, ಆಯುಧ ಖರೀದಿಯ ರಸೀದಿ, ಸಭೆಯ ಟಿಪ್ಪಣಿ.

ರವಾಂಡಾ ಕೂಡ ನಮ್ಮ ಕೊಡಗಿನಂತೆ ಗುಡ್ಡದ ನಾಡು, ಕಾಫಿ ನಾಡು. 1989ರ ಜುಲೈಯಲ್ಲಿ ಅಂತರರಾಷ್ಟ್ರೀಯ ಕಾಫಿ ಕೋಟಾ ಮುರಿದುಬಿದ್ದು ಬೆಲೆ ಅರ್ಧಕ್ಕೆ ಬಂತು. ಮುಂದಿನ ವರ್ಷ ಅಕ್ಟೋಬರ್‌ನಲ್ಲಿ ಅಲ್ಲಿ ಯುದ್ಧ ಶುರುವಾಯಿತು. ಕಾಫಿ ಬೆಲೆಯೇ ಎಲ್ಲಕ್ಕೂ ಕಾರಣ ಎನ್ನುವವರೂ ಇದ್ದಾರೆ, ನನಗೆ ಒಪ್ಪಿಗೆಯಿಲ್ಲ. ಬೆಲೆ ಬಿದ್ದರೆ ಸಾಲ ಆಗುತ್ತದೆ. ಪಟ್ಟಿ ಮಾಡಿ ಕೊಲ್ಲಬೇಕಾದರೆ ಪಟ್ಟಿ ಬರೆಯುವವರು ಬೇಕು.

ಇನ್ನು ನಿಮ್ಮ ನೀಲಿ ಟೋಪಿಯವರು. ಅವರ ಕಮಾಂಡರ್, ಕೆನಡಾದ ಜನರಲ್ ರೋಮಿಯೋ ಡಲ್ಲೇರ್, 1994ರ ಜನವರಿ 11ರಂದೇ ನ್ಯೂಯಾರ್ಕಿನ ವಿಶ್ವಸಂಸ್ಥೆ ಕಚೇರಿಗೆ ತಿಳಿಸಿದ್ದರು: ಆಯುಧ ಬಚ್ಚಿಟ್ಟ ಜಾಗ ಗೊತ್ತಾಗಿದೆ, ಟುಟ್ಸಿಗಳ ಹೆಸರು ಬರೆದುಕೊಳ್ಳುತ್ತಿದ್ದಾರೆ, ದಾಳಿ ಮಾಡಿ ಆಯುಧ ವಶಪಡಿಸಿಕೊಳ್ಳುತ್ತೇನೆ. ‘ಅದು ನಿಮ್ಮ ಅಧಿಕಾರದ ವ್ಯಾಪ್ತಿಯಲ್ಲಿಲ್ಲ, ಹೋಗಿ ರವಾಂಡಾದ ಅಧ್ಯಕ್ಷರಿಗೆ ತಿಳಿಸಿ’ ಎಂಬರ್ಥದ ಉತ್ತರ ಬಂತು. ಏಪ್ರಿಲ್ 6ರಂದು ಆ ಅಧ್ಯಕ್ಷರ ವಿಮಾನವನ್ನೇ ಹೊಡೆದುರುಳಿಸಿದರು. ಮರುದಿನ ನೀಲಿ ಪಡೆಯಲ್ಲಿದ್ದ ಬೆಲ್ಜಿಯಂನ ಹತ್ತು ಸೈನಿಕರ ಕೊಲೆಯಾಯಿತು, ಬೆಲ್ಜಿಯಂ ಗಂಟುಮೂಟೆ ಕಟ್ಟಿತು. ಏಪ್ರಿಲ್ 21ಕ್ಕೆ ಭದ್ರತಾ ಮಂಡಳಿ ಮಾಡಿದ್ದೇನು? ಪಡೆಯನ್ನು 270ಕ್ಕೆ ಇಳಿಸಿತು. ಆ ವರ್ಷ ಮಂಡಳಿಯಲ್ಲಿ ರವಾಂಡಾಕ್ಕೇ ಒಂದು ಕುರ್ಚಿ ಇತ್ತು! ಕೊಲ್ಲಿಸುತ್ತಿದ್ದ ಸರ್ಕಾರದ ಪ್ರತಿನಿಧಿ ಎಲ್ಲವನ್ನೂ ಕೇಳಿಸಿಕೊಂಡು ಕೂತಿದ್ದ. ಮುಚ್ಚಿದ ಬಾಗಿಲ ಹಿಂದಿನ ಆ ಮಾತುಕತೆಯ ಟಿಪ್ಪಣಿ ಮೆಲ್ವರ್ನ್ ಕೈಗೆ ಸಿಕ್ಕಿದ್ದರಿಂದಲೇ ಈ ಪುಸ್ತಕಕ್ಕೆ ಅಷ್ಟು ತೂಕ.

ಎಲ್ಲರೂ ಕೈಕಟ್ಟಿ ನಿಂತರು ಅನ್ನಬೇಡಿ. ಡಲ್ಲೇರ್ ಉಳಿದರು, ಘಾನಾದ ಸೈನಿಕರು ಉಳಿದರು. ಸೆನೆಗಲ್‌ನ ಕ್ಯಾಪ್ಟನ್ ಎಂಬಾಯೆ ಡಿಯಾನ್ ಬಂದೂಕೂ ಇಲ್ಲದೆ ಚೆಕ್‌ಪೋಸ್ಟ್‌ಗಳಲ್ಲಿ ಮಾತಾಡಿ, ನಗಿಸಿ, ಜೀಪಿನಲ್ಲಿ ನಾಲ್ಕೈದು ಜನರಂತೆ ಸಾಗಿಸಿ ನೂರಾರು ಜೀವ ಉಳಿಸಿದ. ಮೇ 31ರಂದು ಶೆಲ್ ಬಿದ್ದು ಸತ್ತ. ನೂರು ದಿನದಲ್ಲಿ ಸತ್ತವರು ಎಂಟು ಲಕ್ಷಕ್ಕೂ ಹೆಚ್ಚು.

ನಮ್ಮ ಕೊಡಗಿನ ಜನರಲ್ ತಿಮ್ಮಯ್ಯನವರು ಸೈಪ್ರಸ್‌ನಲ್ಲಿ ಇದೇ ನೀಲಿ ಪಡೆಯ ಮುಖ್ಯಸ್ಥರಾಗಿದ್ದಾಗಲೇ, 1965ರ ಡಿಸೆಂಬರ್‌ನಲ್ಲಿ, ತೀರಿಕೊಂಡದ್ದು ನಿಮಗೆ ಗೊತ್ತಲ್ಲ. ಮಡಿಕೇರಿಗೆ ಬಂದಾಗ ಅವರ ‘ಸನ್ನಿ ಸೈಡ್’ ಮನೆಗೆ ಹೋಗಿ, ಈಗ ಮ್ಯೂಸಿಯಂ ಆಗಿದೆ. ಪುಸ್ತಕ ಜೊತೆಗಿರಲಿ. ಅಂಗಳದಲ್ಲಿ ಕೂತು ಉಳಿದರ್ಧ ಓದಿ.

ಪ್ರಶ್ನೆ: ಇದೇ ಲೇಖಕಿಯ ಬೇರೆ ಪುಸ್ತಕಗಳೂ ಇವೆಯಂತೆ. ಯಾವುದು ಮೊದಲು? ನಿಮ್ಮ ಹತ್ತಿರ ಇದ್ದರೆ ಕೊಡುತ್ತೀರಾ?
- ಪದವಿ ವಿದ್ಯಾರ್ಥಿನಿ, ವಿರಾಜಪೇಟೆ

ಉತ್ತರ: ಮೊದಲು 2000ದ ‘ಎ ಪೀಪಲ್ ಬಿಟ್ರೇಡ್’. ಸಂಚಿನ ವಿವರ ಬೇಕೆನಿಸಿದರೆ 2004ರ ‘ಕಾನ್‌ಸ್ಪಿರಸಿ ಟು ಮರ್ಡರ್’. ನರಮೇಧ ನಡೆದೇ ಇಲ್ಲ ಎನ್ನುವವರ ಕುರಿತು 2020ರ ‘ಇಂಟೆಂಟ್ ಟು ಡಿಸೀವ್’. ನಿನ್ನ ವಯಸ್ಸಿನವರಿಗೆ ಇದೇ ಹೆಚ್ಚು ಉಪಯೋಗ ಅಂತ ನನಗನ್ನಿಸುತ್ತದೆ, ಮಗಳೇ. ಕೊಡುವ ವಿಷಯ ಮಾತ್ರ ಕೇಳಬೇಡ. ಕಳೆದ ಸುಗ್ಗಿಯಲ್ಲಿ ಎರವಲು ಒಯ್ದ ನೆಂಟರೊಬ್ಬರು ಇನ್ನೂ ‘ಓದ್ತಾ ಇದೀನಿ’ ಅನ್ನುತ್ತಿದ್ದಾರೆ.