ಹಾಡಿದರೆ ಬೆಟ್ಟ ಏಳುತ್ತದಾ?

ಪ್ರಶ್ನೆ: ನಮಸ್ಕಾರ ಮೇಡಂ. ನಾನೊಂದು ಕಾಲ್ಪನಿಕ ಲೋಕದ ಕಾದಂಬರಿ ಬರೆಯುತ್ತಿದ್ದೇನೆ. ಅಲ್ಲಿ ಎಲ್ಲಕ್ಕೂ ಆಕಾರ ಕೊಡುವುದು ಶಬ್ದವೇ. ಒಬ್ಬ ಅಜ್ಜಿ ಹಾಡಿದರೆ ಬೆಟ್ಟ ಎದ್ದು ನಿಲ್ಲುತ್ತದೆ. ನಾಲ್ಕು ಅಧ್ಯಾಯ ಓದಿದ ಗೆಳೆಯ, "ಇದು ಮಂತ್ರ ಕಣೋ, ವಿಜ್ಞಾನ ಎಲ್ಲಿದೆ?" ಎಂದ. ಓದುಗರು ನಂಬುವಂಥ ಸಿದ್ಧಾಂತ ಕಟ್ಟುವುದು ಹೇಗೆ?
– ಹೊಸ ಕಥೆಗಾರ, ಶಿರಸಿ

ಉತ್ತರ: ಅಜ್ಜಿಯನ್ನು ಮಾತ್ರ ಬಿಡಬೇಡಿ, ನನಗೆ ತುಂಬ ಇಷ್ಟವಾದಳು. ಆದರೆ ಅವಳಿಂದ ಏನೇನು ಆಗುವುದಿಲ್ಲ ಅನ್ನುವುದನ್ನು ಮೊದಲು ಗೊತ್ತು ಮಾಡಿಕೊಳ್ಳಿ. ಹೇಗೆ ಹಾಡಿದರೂ ಏನು ಬೇಕಾದರೂ ಆಗುತ್ತದೆ ಅಂದರೆ ಗೆಳೆಯನ ಮಾತೇ ಸರಿ.

ಶುರು ಮಾಡಲು ನಮ್ಮ ಲೋಕದಲ್ಲೇ ಒಂದು ಒಳ್ಳೆಯ ಜಾಗವಿದೆ. ಜರ್ಮನಿಯ ಅರ್ನ್ಸ್ಟ್ ಕ್ಲಾಡ್ನಿ 1787ರಲ್ಲಿ ಶಬ್ದದ ಬಗ್ಗೆ ಒಂದು ಪುಸ್ತಕ ಪ್ರಕಟಿಸಿದ. ತೆಳು ತಗಡಿನ ಮೇಲೆ ಮರಳು ಉದುರಿಸಿ, ಅಂಚಿಗೆ ಪಿಟೀಲಿನ ಕಮಾನು ಎಳೆದರೆ ಮರಳು ತಾನಾಗಿ ಸರಿದು ಗೆರೆ ಗೆರೆಯಾಗಿ ನಿಲ್ಲುತ್ತದೆ ಅಂತ ಚಿತ್ರ ಸಮೇತ ತೋರಿಸಿದ. ಥೇಟ್ ಅಂಗಳದ ರಂಗೋಲಿ. ಸ್ವರ ಬದಲಾದರೆ ರಂಗೋಲಿಯೂ ಬೇರೆ. ಇಲ್ಲಿ ಒಂದು ವಿಷಯ ಗಮನಿಸಿ. ಶಬ್ದ ಮರಳನ್ನು ಹಿಡಿದು ಕೂರಿಸುವುದಿಲ್ಲ, ಓಡಿಸುತ್ತದೆ. ತಗಡು ಎಲ್ಲಿ ಅಲುಗುವುದಿಲ್ಲವೋ ಅಲ್ಲಿ ಮಾತ್ರ ಮರಳಿಗೆ ನೆಲೆ. ನಿಮ್ಮ ಸಿದ್ಧಾಂತದ ಬೇರು ಇದೇ ಆಗಲಿ. ಅಜ್ಜಿ ಬೆಟ್ಟವನ್ನು ಎಬ್ಬಿಸುವುದಿಲ್ಲ. ಸುತ್ತಲಿನ ನೆಲವನ್ನೆಲ್ಲ ನಡುಗಿಸಿ, ಬೆಟ್ಟ ಬೇಕಾದ ಕಡೆ ಮಾತ್ರ ನಡುಕ ಇಲ್ಲದ ಹಾಗೆ ಹಾಡುತ್ತಾಳೆ. ಮಣ್ಣು ಅಲ್ಲಿಗೆ ಬಂದು ಸೇರುತ್ತದೆ.

ಈಗ ಅಳತೆ. ಗಾಳಿಯಲ್ಲಿ ಶಬ್ದ ಸೆಕೆಂಡಿಗೆ ಸುಮಾರು 340 ಮೀಟರ್ ಓಡುತ್ತದೆ. ನಮ್ಮ ಕಿವಿಗೆ ಕೇಳುವ ಅತಿ ತಗ್ಗಿನ ಸ್ವರ ಅಂದರೆ ಸೆಕೆಂಡಿಗೆ 20 ಕಂಪನ, ಅದರ ಒಂದು ಅಲೆ 17 ಮೀಟರ್ ಉದ್ದ. ಒಂದು ಕಿಲೋಮೀಟರ್ ಅಗಲದ ಬೆಟ್ಟಕ್ಕೆ ಅಷ್ಟೇ ಉದ್ದದ ಅಲೆ ಬೇಕು ಅಂದುಕೊಂಡರೆ ಮೂರು ಸೆಕೆಂಡಿಗೆ ಒಂದೇ ಕಂಪನ! ಮನುಷ್ಯರ ಕಿವಿಗೆ ಕೇಳದ ಹಾಡು ಅದು. ಹಾಗಾಗಿ ನಿಮ್ಮ ಅಜ್ಜಿ ಬಾಯಿ ತೆರೆದಾಗ ಊರಿನವರಿಗೆ ಏನೂ ಕೇಳಿಸಬಾರದು. ಎದೆಗೂಡು ಅದುರಬೇಕು, ಕೊಟ್ಟಿಗೆಯ ದನ ಬೆದರಬೇಕು, ಹಂಡೆಯ ನೀರು ತುಳುಕಬೇಕು. ಸಣ್ಣ ಕೆಲಸಕ್ಕೆ ಇದರ ಉಲ್ಟಾ. ಸೆಕೆಂಡಿಗೆ 40 ಸಾವಿರ ಕಂಪನದ ಶಬ್ದದಿಂದ ಪ್ರಯೋಗಾಲಯಗಳಲ್ಲಿ ಥರ್ಮೊಕೋಲ್ ಮಣಿ, ನೀರಿನ ಹನಿಗಳನ್ನು ಗಾಳಿಯಲ್ಲಿ ತೇಲಿಸುತ್ತಾರೆ. ಅವು ನಿಲ್ಲುವ ಜಾಗಗಳ ನಡುವೆ ನಾಲ್ಕು ಮಿಲಿಮೀಟರಿಗಿಂತ ಸ್ವಲ್ಪ ಜಾಸ್ತಿ ಅಂತರ. ಅಂಥ ಸ್ವರ ನಮ್ಮ ಗಂಟಲಿಗೆ ಬರುವುದಿಲ್ಲ, ಬಾವಲಿಗಳಿಗೆ ಬರುತ್ತದೆ. ನಿಮ್ಮ ಲೋಕದ ಅಕ್ಕಸಾಲಿಗರು ಬಾವಲಿ ಸಾಕಲಿ!

ಶಕ್ತಿಯ ಲೆಕ್ಕವನ್ನೂ ಮರೆಯಬೇಡಿ, ಕಥೆ ಸೋಲುವುದು ಇಲ್ಲೇ. ನಾವು ಸಾಧಾರಣವಾಗಿ ಮಾತಾಡುವಾಗ ಹೊರಡುವ ಶಬ್ದದ ಶಕ್ತಿ ಒಂದು ವ್ಯಾಟಿನ ಲಕ್ಷದಲ್ಲಿ ಒಂದೆರಡು ಭಾಗ. ಒಂದು 9 ವ್ಯಾಟಿನ ಬಲ್ಬಿನ ಸಮಕ್ಕೆ ಬರಲು ಲಕ್ಷಾಂತರ ಜನ ಒಟ್ಟಿಗೆ ಮಾತಾಡಬೇಕು. ಹಾಗಿದ್ದರೆ ಒಂಟಿ ಅಜ್ಜಿಗೆ ಬೆಟ್ಟ ಹೇಗೆ ಸಾಧ್ಯ? ಪಂಚಮಿಯ ಜೋಕಾಲಿ ನೆನಪಿಸಿಕೊಳ್ಳಿ. ಚಿಕ್ಕ ಹುಡುಗಿ ಕೂಡ ಸರಿಯಾದ ಹೊತ್ತಿಗೆ ಮೆಲ್ಲಗೆ ತಳ್ಳುತ್ತಾ ಹೋದರೆ ದೊಡ್ಡವರನ್ನು ಎತ್ತರಕ್ಕೆ ಜೀಕಿಸುತ್ತಾಳೆ. ಹೊತ್ತು ತಪ್ಪಿದರೆ ಎಲ್ಲ ಕೆಟ್ಟಿತು. ಅಜ್ಜಿಯೂ ದಿನಗಟ್ಟಲೆ, ತಾಳ ತಪ್ಪದೆ ಹಾಡಬೇಕು. ನೆಲ ಹಳೆಯ ನಡುಕವನ್ನು ಬೇಗ ಮರೆಯುವುದಿಲ್ಲ ಅಂತ ಒಂದು ನಿಯಮ ಮಾತ್ರ ನೀವು ಹೊಸದಾಗಿ ಹುಟ್ಟಿಸಿಕೊಳ್ಳಿ. ಸುಳ್ಳು ಅದೊಂದೇ ಇರಲಿ, ಮಿಕ್ಕಿದ್ದೆಲ್ಲ ಅದರಿಂದಲೇ ಬರಲಿ.

ಇನ್ನೊಂದು ಆಸೆ ಹೇಳಿಬಿಡುತ್ತೇನೆ. 1934ರಲ್ಲಿ ಬೆಂಗಳೂರಿನಲ್ಲಿದ್ದ ಸಿ. ವಿ. ರಾಮನ್ ನಮ್ಮ ಮೃದಂಗ, ತಬಲಾಗಳ ಚರ್ಮದ ಮೇಲೂ ಮರಳಿನ ಈ ಗೆರೆಗಳನ್ನು ಮೂಡಿಸಿ ನೋಡಿದ್ದರು. ಬರೀ ಚರ್ಮ ಬಿಗಿದರೆ ಅದರ ಸ್ವರಗಳು ಒಂದಕ್ಕೊಂದು ಹೊಂದುವುದಿಲ್ಲ. ನಡುವಿನ ಕಪ್ಪು ಮಚ್ಚೆಯ ಭಾರ ಅವನ್ನು ಹೊಂದಿಸುತ್ತದೆ. ನಿಮ್ಮ ಅಜ್ಜಿಯೂ ಹಾಡುವ ಮೊದಲು ಬಯಲಿನಲ್ಲಿ ಓಡಾಡಿ, ಅಲ್ಲೊಂದು ಇಲ್ಲೊಂದು ಕಲ್ಲು ಇಟ್ಟು, ಕಾಲಿನಿಂದ ನೆಲ ತಟ್ಟಿ ಕೇಳುತ್ತಾ, ಇಡೀ ಬಯಲನ್ನೇ ಶ್ರುತಿ ಮಾಡಿಕೊಳ್ಳುವ ಒಂದು ದೃಶ್ಯ ಬರೆಯಿರಿ, ಅಲ್ವಾ? ಅದನ್ನು ಓದಿದ ಮೇಲೆ ಗೆಳೆಯ ಏನು ಹೇಳಿದ ಅಂತ ನನಗೂ ತಿಳಿಸಿ.

ಪ್ರಶ್ನೆ: ಇಂಥ ಲೋಕದಲ್ಲಿ ಹಾಡು ನಿಂತರೆ ಎಲ್ಲ ಕುಸಿದು ಬೀಳುವುದಿಲ್ಲವಾ?
– ಅದೇ ಕಥೆಗಾರ, ಎರಡನೇ ಕಾಗದದಲ್ಲಿ

ಉತ್ತರ: ಎರಡೂ ಆಗಬಹುದು. ಕಮಾನು ತೆಗೆದ ಮೇಲೂ ತಗಡಿನ ಮರಳು ಹಾಗೇ ಇರುತ್ತದೆ. ಆದರೆ ಗಾಳಿಯಲ್ಲಿ ತೇಲುವ ಮಣಿ, ಶಬ್ದ ನಿಂತ ಕ್ಷಣವೇ ಬೀಳುತ್ತದೆ. ಬೆಟ್ಟ ಉಳಿಯಲಿ, ತೇಲುವ ಸೇತುವೆಗೆ ಮಾತ್ರ ಹಗಲು ರಾತ್ರಿ ಹಾಡುವವರ ಪಾಳಿ ಬೇಕು. ಪಾಳಿ ಬದಲಾಗುವ ಹೊತ್ತಿಗೆ ಸೇತುವೆ ಮೇಲೆ ಯಾರಿದ್ದಾರೆ ಅಂತ ಯೋಚಿಸಿ ನೋಡಿ.

ಪ್ರಶ್ನೆ: ಮರಳಿನ ರಂಗೋಲಿಯನ್ನು ಆರನೇ ಕ್ಲಾಸಿನ ಮಕ್ಕಳಿಗೆ ಸುಲಭವಾಗಿ ತೋರಿಸಬಹುದಾ?
– ಶಿಕ್ಷಕಿ, ಹಾವೇರಿ

ಉತ್ತರ: ಖಂಡಿತ. ಅಗಲ ಬಾಯಿಯ ಸ್ಟೀಲ್ ಪಾತ್ರೆಗೆ ದೊಡ್ಡ ಬಲೂನನ್ನು ಕತ್ತರಿಸಿ ಸುಕ್ಕಿಲ್ಲದ ಹಾಗೆ ಬಿಗಿಯಿರಿ, ರಬ್ಬರ್ ಬ್ಯಾಂಡ್ ಹಾಕಿ. ಮೇಲೆ ಒಂದು ಚಿಟಿಕೆ ಪುಡಿ ಉಪ್ಪು ಉದುರಿಸಿ. ಹತ್ತಿರ ಬಾಯಿ ತಂದು "ಊ..." ಅಂತ ತಗ್ಗಿನಿಂದ ಮೆಲ್ಲಗೆ ಮೇಲಕ್ಕೆ ಏರಿಸುತ್ತಾ ಹೋಗಿ. ಸುಮಾರು ಸ್ವರಗಳಿಗೆ ಉಪ್ಪು ಸುಮ್ನೆ ಕೂತಿರುತ್ತದೆ, ಯಾವುದೋ ಒಂದಕ್ಕೆ ದಿಢೀರನೆ ಕುಣಿಯುತ್ತದೆ. ಉಸಿರು ಉಪ್ಪಿಗೆ ತಾಗಬಾರದು, ಇಲ್ಲದಿದ್ದರೆ ಮಕ್ಕಳು "ಊದಿದ್ದಕ್ಕೆ ಹಾರಿತು ಮಿಸ್" ಅನ್ನುತ್ತಾರೆ. ಬಾಯಿ ಮುಚ್ಚಿಕೊಂಡೇ ಗುನುಗಿ ಅಥವಾ ಬ್ಲೂಟೂತ್ ಸ್ಪೀಕರನ್ನು ಪಕ್ಕದಲ್ಲಿಡಿ.