ಮೇಲ್ಮನವಿ ಹಾಕಿದರೂ ಶೇ. 20 ಠೇವಣಿ ಕಟ್ಟಬೇಕೇ?

ಪ್ರಶ್ನೆ: ಚೆಕ್ ಬೌನ್ಸ್ ಪ್ರಕರಣದಲ್ಲಿ ತಮ್ಮನಿಗೆ ಆರು ತಿಂಗಳ ಸಜೆ, 6 ಲಕ್ಷ ರೂ. ಪರಿಹಾರ ಕೊಡುವಂತೆ ಆದೇಶವಾಗಿದೆ. ಮೇಲ್ಮನವಿ ಮುಗಿಯುವವರೆಗೆ ಶಿಕ್ಷೆ ಅಮಾನತಾಗಬೇಕಾದರೆ ಹಣ ಕಟ್ಟಲೇಬೇಕೇ?

ಉತ್ತರ: ಸಾಮಾನ್ಯವಾಗಿ ಹೌದು. ನೆಗೋಷಿಯಬಲ್ ಇನ್‌ಸ್ಟ್ರುಮೆಂಟ್ಸ್ ಕಾಯ್ದೆಯ 148ನೇ ಕಲಮಿನಂತೆ ದಂಡ ಅಥವಾ ಪರಿಹಾರದ ಕನಿಷ್ಠ ಶೇ. 20, ಅಂದರೆ ನಿಮ್ಮ ಪ್ರಕರಣದಲ್ಲಿ 1.20 ಲಕ್ಷ ರೂ. ಠೇವಣಿ ಇಡಲು ಸೆಷನ್ಸ್ ನ್ಯಾಯಾಲಯ ಹೇಳಬಹುದು. ಆದೇಶದ ದಿನದಿಂದ 60 ದಿನ ಗಡುವು. ಸಕಾರಣವಿದ್ದರೆ ಇನ್ನೂ 30 ದಿನ. ವಿಚಾರಣೆ ವೇಳೆ ಕಟ್ಟಿದ ಮಧ್ಯಂತರ ಪರಿಹಾರ ಈ ಶೇ. 20ರಲ್ಲಿ ಕಳೆಯುವುದಿಲ್ಲ. ಬಹಳ ಜನ ಎಡವುವುದು ಇಲ್ಲೇ. ಜಾಮೀನು ಬಾಂಡೂ ಬೇರೆಯೇ.

ಕಟ್ಟಲು ನಿಜಕ್ಕೂ ಶಕ್ತಿಯಿಲ್ಲವೇ? ಷರತ್ತು ಅನ್ಯಾಯವೆನಿಸಿದರೆ ಅಥವಾ ಮೇಲ್ಮನವಿಯ ಹಕ್ಕನ್ನೇ ಕಸಿಯುವಂತಿದ್ದರೆ, ಕಾರಣ ದಾಖಲಿಸಿ ವಿನಾಯಿತಿ ಕೊಡಬಹುದೆಂದು ಸುಪ್ರೀಂ ಕೋರ್ಟ್ 2023ರಲ್ಲಿ ಹೇಳಿದೆ. ಬಾಯಿಮಾತು ಸಾಲದು. ಅಮಾನತು ಅರ್ಜಿಯಲ್ಲೇ ವಿನಾಯಿತಿ ಕೇಳಿ. ಪ್ರಮಾಣಪತ್ರದ (ಅಫಿಡವಿಟ್) ಜೊತೆ ಬ್ಯಾಂಕ್ ಪಾಸ್‌ಬುಕ್, ಸಂಬಳ ಚೀಟಿ, ಸಾಲದ ಕಾಗದ ಲಗತ್ತಿಸಿ. ಗಡುವು ಮೀರುವ ಮುಂಚೆಯೇ ವಿಸ್ತರಣೆ ಕೋರಿ. ಸುಮ್ಮನಿದ್ದರೆ ಅಮಾನತು ರದ್ದಾಗಿ ವಾರಂಟ್ ಬರಬಹುದು.

ಠೇವಣಿ ಹಣವನ್ನು ದೂರುದಾರರಿಗೆ ಬಿಡುಗಡೆ ಮಾಡಿದ್ದರೂ, ನಿಮ್ಮ ತಮ್ಮ ಖುಲಾಸೆಯಾದರೆ ಅವರು ಅದನ್ನು ರಿಸರ್ವ್ ಬ್ಯಾಂಕ್ ಪ್ರಕಟಿಸುವ ‘ಬ್ಯಾಂಕ್ ದರ’ದಲ್ಲಿ ಬಡ್ಡಿ ಸಮೇತ ಮರಳಿಸಬೇಕು.