‘ಹೋಗ್ಬೇಕು’ ಅನ್ನಿ, ಆಮೇಲೆ ‘ಹೋ’ ಬಿಡಿ

ಪ್ರಶ್ನೆ: ಮಗಳು ಭಾಷಾವಿಜ್ಞಾನ ಓದುತ್ತಿದ್ದಾಳೆ. ಅವಳ ಪುಸ್ತಕದಲ್ಲಿ ‘ಖಾನಾ’ ಅನ್ನೋ ಭಾಷೆಯ ಹೆಸರು ನೋಡಿದೆ. ನನಗೆ ಗುಳೇದಗುಡ್ಡದ ಖಣವೇ ನೆನಪಾಯಿತು! ಅದರಲ್ಲಿ ಕ್ಪ, ಗ್ಬ ಅಂತ ಶುರುವಾಗುವ ಪದಗಳಿವೆಯಂತೆ. ಬಾಯಲ್ಲಿ ಹೇಳೋದು ಹೇಗೆ?
– ಓದುಗರೊಬ್ಬರು, ಹಾವೇರಿ

ಉತ್ತರ: ಕುಪ್ಪಸಕ್ಕೂ ಇದಕ್ಕೂ ನಂಟಿಲ್ಲ. ಖಾನಾ ನೈಜೀರಿಯಾದ ಭಾಷೆ. ನೈಜರ್ ನದಿ ಕವಲೊಡೆದು ಸಮುದ್ರ ಸೇರುವ ಕಡೆ, ರಿವರ್ಸ್ ರಾಜ್ಯದಲ್ಲಿ ಒಗೋನಿ ಜನರಿದ್ದಾರೆ. ಅವರ ಭಾಷೆಗಳಲ್ಲಿ ಇದೇ ದೊಡ್ಡದು.

ಈಗ ‘ಹೋಗ್ಬೇಕು’ ಅನ್ನಿ. ಮೊದಲು ಗ್, ಆಮೇಲೆ ಬೇ. ಎರಡು ಹೆಜ್ಜೆ ಅಲ್ವಾ? ಖಾನಾದಲ್ಲಿ ಅದು ಒಂದೇ ಹೆಜ್ಜೆ. ತುಟಿ ಮುಚ್ಚಿ. ಅದೇ ಹೊತ್ತಿಗೆ ನಾಲಿಗೆಯ ಹಿಂಭಾಗವನ್ನು ಅಂಗುಳಕ್ಕೆ ಒತ್ತಿ. ಎರಡನ್ನೂ ಒಟ್ಟಿಗೆ ಬಿಡಿ. ‘ಹೋ’ ತೆಗೆದು ಸೀದಾ ‘ಗ್ಬೇಕು’ ಅಂತ ಶುರು ಮಾಡಿ ನೋಡಿ. ‘ಕ್ಪ’ಗೆ ನಮ್ಮ ‘ಅಕ್ಪಕ್ಕ’ ಇದೆ. ನಾನು ಕನ್ನಡಿ ಮುಂದೆ ನಿಂತು ಹೇಳುತ್ತಿದ್ದೆ. ಬಿಕ್ಕಳಿಕೆ ಬಂತೇನೋ ಅಂತ ನನ್ನಾಕೆ ನೀರು ತಂದಿಟ್ಟಳು.

ಸ್ವರಗಳದ್ದು ಇನ್ನೊಂದು ಕಥೆ. ಸಾದಾ ಸ್ವರ 7, ಮೂಗಿನಲ್ಲಿ ಹೇಳುವವು 5. ನಾವು ‘ಹೂಂ’ ಅನ್ನುತ್ತೇವಲ್ಲ, ಅಂಥವು. ಆ ‘ಹೂಂ’ ಅನ್ನೇ ಏರಿಸಿದರೆ ‘ಹೌದಾ?’ ಅಂತಾಗುತ್ತದೆ, ಇಳಿಸಿದರೆ ‘ಆಯ್ತು’. ಆದರೆ ‘ಮನೆ’ಯನ್ನು ಯಾವ ದನಿಯಲ್ಲಿ ಹೇಳಿದರೂ ಅದು ಮನೆಯೇ. ಖಾನಾದಲ್ಲಿ ಹಾಗಲ್ಲ. ಅಲ್ಲಿ ದನಿಗೆ ಏರು, ನಡು, ಇಳಿ ಅಂತ 3 ಮಟ್ಟ. ಮಟ್ಟ ಬದಲಾದರೆ ಪದವೇ ಬೇರೆ ಆಗಬಹುದು.

ನಿಮ್ಮ ಪತ್ರ ನೋಡಿ ನನ್ನದೊಂದು ಹಳೇ ತಪ್ಪು ನೆನಪಾಯಿತು. 1995ರ ನವೆಂಬರ್‌ನಲ್ಲಿ ನಾನು ಪತ್ರಿಕೆಯೊಂದರಲ್ಲಿ ಕರಡು ತಿದ್ದುತ್ತಿದ್ದೆ. ತೈಲ ತೆಗೆಯುವವರಿಂದ ನೆಲ-ನೀರು ಹಾಳಾಗುತ್ತಿದೆ ಎಂದು ಹೋರಾಡಿದ ಒಗೋನಿ ಲೇಖಕ ಕೆನ್ ಸಾರೋ-ವಿವಾ ಮತ್ತು 8 ಜನ ಸಂಗಡಿಗರನ್ನು ಅಲ್ಲಿನ ಮಿಲಿಟರಿ ಸರ್ಕಾರ 10ನೇ ತಾರೀಕು ಗಲ್ಲಿಗೇರಿಸಿತ್ತು. ಸತ್ತವರ ಪಟ್ಟಿಯಲ್ಲಿ ಜಾನ್ ಕ್ಪುಯಿನೆನ್, ಡೇನಿಯಲ್ ಗ್ಬೋಕೂ ಎಂಬ ಹೆಸರುಗಳಿದ್ದವು. ಅಕ್ಷರ ಜೋಡಿಸಿದ ಹುಡುಗ ಸರಿಯಾಗೇ ಹಾಕಿದ್ದ. ಕೈತಪ್ಪಿ ಜಾಸ್ತಿ ಬಿದ್ದಿದೆ ಅಂದುಕೊಂಡು ನಾನೇ ಕ್, ಗ್ ಎರಡನ್ನೂ ಹೊಡೆದುಹಾಕಿದೆ. ಮರುದಿನ ಪೇಪರಿನಲ್ಲಿ ಬಂದದ್ದು ‘ಪುಯಿನೆನ್’, ‘ಬೋಕೂ’.